ಜಾಮ್ ಬಾಟಲಿಯ ದೀಪ

ಮಕ್ಕಳೇ, ಪರೀಕ್ಷೆಯ ಹಿಂದಿನ ರಾತ್ರಿ ನಿಮ್ಮ ಮನೆಯಲ್ಲಿ ವಿದ್ಯುತ್ತು ಹೋದರೆ ಏನು ಮಾಡುತ್ತೀರಿ? ಮೇಣದ ಬತ್ತಿ ಹಚ್ಚಿ, ಈಗ ಬಂದೀತು ಎಂದು ಕಾಯುತ್ತೀರಿ, ಅಲ್ಲವೇ? ಶ್ರೀಲಂಕಾದ ಜಾಫ್ನಾದಲ್ಲಿ 1990ರಲ್ಲಿ ಹೋದ ವಿದ್ಯುತ್ತು ಹಲವು ವರ್ಷ ಬರಲೇ ಇಲ್ಲ.

ಜಾಫ್ನಾ ಆ ದೇಶದ ಉತ್ತರ ತುದಿಯಲ್ಲಿದೆ. ಅಲ್ಲಿನವರ ಮಾತು ತಮಿಳು. 1983ರಿಂದ 2009ರವರೆಗೆ ಸರಕಾರದ ಸೇನೆಗೂ, ಪ್ರತ್ಯೇಕ ತಮಿಳು ನಾಡು ಬೇಕೆಂದ ಎಲ್‌ಟಿಟಿಇ ಸಂಘಟನೆಗೂ ಯುದ್ಧ ನಡೆಯಿತು. ಒಂದೇ ದೇಶದವರು ಹೀಗೆ ತಮ್ಮೊಳಗೆ ಹೋರಾಡುವುದಕ್ಕೆ ಅಂತರ್ಯುದ್ಧ ಎಂದು ಹೆಸರು. ಜಾಫ್ನಾ ಎಲ್‌ಟಿಟಿಇ ವಶದಲ್ಲಿದ್ದ ವರ್ಷಗಳಲ್ಲಿ ಪೆಟ್ರೋಲು, ಬ್ಯಾಟರಿಗಳನ್ನು ಅಲ್ಲಿಗೆ ಒಯ್ಯಲು ಸರಕಾರ ಬಿಡುತ್ತಿರಲಿಲ್ಲ. ಸೀಮೆಎಣ್ಣೆ ಸಿಕ್ಕರೂ ಬಲು ದುಬಾರಿ.

ಹಾಗಾದರೆ ಮಕ್ಕಳು ಓದಿದ್ದು ಹೇಗೆ? ಖಾಲಿ ಜಾಮ್ ಬಾಟಲಿಯ ತಳದಲ್ಲಿ ಹತ್ತಿ ಇಟ್ಟು, ಅದು ನೆನೆಯುವಷ್ಟೇ ಸೀಮೆಎಣ್ಣೆ ಹಾಕಿ, ಸಣ್ಣ ಬತ್ತಿ ಹಚ್ಚುತ್ತಿದ್ದರು. ಗಾಜಿನ ಗೋಡೆ ಇದ್ದುದರಿಂದ ಗಾಳಿಗೆ ದೀಪ ಆರುತ್ತಿರಲಿಲ್ಲ, ಎಣ್ಣೆಯೂ ಬೇಗ ಮುಗಿಯುತ್ತಿರಲಿಲ್ಲ. ಅಂತಹ ಬೆಳಕಿನಲ್ಲೇ ಓದಿ ಎಷ್ಟೋ ಮಂದಿ ಪರೀಕ್ಷೆಗೆ ಕುಳಿತರು.

ರೇಡಿಯೋಗೆ ಬ್ಯಾಟರಿ ಇಲ್ಲವಲ್ಲ! ಸೈಕಲನ್ನು ತಲೆಕೆಳಗಾಗಿ ನಿಲ್ಲಿಸಿ, ಅದರ ಡೈನಮೋದಿಂದ ರೇಡಿಯೋಗೆ ತಂತಿ ಎಳೆಯುತ್ತಿದ್ದರು. ಒಬ್ಬರು ಕೈಯಿಂದ ಪೆಡಲು ತಿರುಗಿಸಿದರೆ ಉಳಿದವರು ವಾರ್ತೆ ಕೇಳುತ್ತಿದ್ದರು. ಕೈ ಸೋತರೆ ವಾರ್ತೆಯೂ ನಿಂತಿತು! ಹಳೆಯ ಕಾರುಗಳನ್ನು ಚೂರು ಪೆಟ್ರೋಲಿನಿಂದ ಚಾಲೂ ಮಾಡಿ, ಆಮೇಲೆ ಸೀಮೆಎಣ್ಣೆಯಲ್ಲಿ ಓಡಿಸುತ್ತಿದ್ದರು. ಸಕ್ಕರೆ ಇಲ್ಲದ ದಿನ ತಾಳೆಬೆಲ್ಲದ ಚೂರನ್ನು ಕಚ್ಚಿಕೊಂಡು ಚಹಾ ಕುಡಿಯುತ್ತಿದ್ದರು. ಕರಾವಳಿಯವರು ಓಲೆಬೆಲ್ಲ ಎನ್ನುತ್ತಾರಲ್ಲ, ಅದೇ ಬೆಲ್ಲ.

ಇದೆಲ್ಲ ಕೇಳಲು ಆಟದಂತೆ ತೋರಬಹುದು. ಆದರೆ ಅವರ ಅಂಗಳದಲ್ಲಿ ಒಂದು ಹೊಂಡವೂ ಇತ್ತು. ಅದರ ಮೇಲೆ ತಾಳೆಮರದ ದಿಮ್ಮಿ, ದಿಮ್ಮಿಯ ಮೇಲೆ ಮರಳಿನ ಚೀಲ. ವಿಮಾನದ ಸದ್ದು ಕೇಳಿದ ಕೂಡಲೇ ಪುಸ್ತಕ ಬಿಟ್ಟು ಅದರೊಳಗೆ ಇಳಿಯಬೇಕು. ಸದ್ದು ದೂರವಾದ ಮೇಲೆ ಹೊರಗೆ ಬಂದು ಓದು ಮುಂದುವರಿಸಬೇಕು. ಎಲ್ಲರಿಗೂ ಹೊಂಡ ಸೇರುವಷ್ಟು ಸಮಯ ಸಿಗುತ್ತಿರಲಿಲ್ಲ.

1995ರ ಅಕ್ಟೋಬರ್ ಕೊನೆಯಲ್ಲಿ ಸೇನೆ ಹತ್ತಿರ ಬಂದಾಗ ಲಕ್ಷಾಂತರ ಜನ ಒಂದೇ ಸಲ ಊರು ಬಿಟ್ಟರು. ಮಳೆ ಸುರಿಯುತ್ತಿತ್ತು. ಸೈಕಲಿನ ಮೇಲೆ ಅಕ್ಕಿ, ಬಟ್ಟೆ, ಪಾತ್ರೆಗಳ ಗಂಟು. ದಾರಿ ತುಂಬ ಜನರಿದ್ದುದರಿಂದ ಕೆಲವೇ ಕಿಲೋಮೀಟರು ನಡೆಯಲು ರಾತ್ರಿಯೆಲ್ಲ ಬೇಕಾಯಿತು. ಮರುವರ್ಷ ಹಲವರು ಹಿಂದಿರುಗಿದರು, ಕೆಲವರು ಪರದೇಶ ಸೇರಿದರು.

1990ರಲ್ಲೇ ನಿಂತ ಜಾಫ್ನಾದ ರೈಲು ಮತ್ತೆ ಬಂದದ್ದು 2014ರ ಅಕ್ಟೋಬರಿನಲ್ಲಿ. ಅಲ್ಲೇ ಹುಟ್ಟಿ ಬೆಳೆದ ಇಪ್ಪತ್ತು ವರ್ಷದವರು ಕೂಡ ತಮ್ಮೂರಿಗೆ ರೈಲು ಬಂದದ್ದನ್ನು ಅಂದೇ ಮೊದಲು ಕಂಡರು.