ಕೇದಾರಕಂಠ ಚಳಿಗಾಲದ ಚಾರಣ: ಮೊದಲ ಬಾರಿಗೆ ಹಿಮದಲ್ಲಿ ನಡೆಯುವವರಿಗೆ ಮಾಹಿತಿ

ಉತ್ತರಾಖಂಡ ರಾಜ್ಯದ ಉತ್ತರಕಾಶಿ ಜಿಲ್ಲೆಯಲ್ಲಿರುವ ಗೋವಿಂದ ವನ್ಯಜೀವಿಧಾಮ ಮತ್ತು ರಾಷ್ಟ್ರೀಯ ಉದ್ಯಾನದ ವ್ಯಾಪ್ತಿಯಲ್ಲಿ ಕೇದಾರಕಂಠ ಎಂಬ ಶಿಖರವಿದೆ. ಸಮುದ್ರಮಟ್ಟದಿಂದ ಸುಮಾರು 3,810 ಮೀಟರ್ (12,500 ಅಡಿ) ಎತ್ತರವಿರುವ ಈ ಶಿಖರಕ್ಕೆ ಡಿಸೆಂಬರ್ ಮಧ್ಯಭಾಗದಿಂದ ಏಪ್ರಿಲ್ ಆರಂಭದವರೆಗೆ, ಹಿಮ ಹೊದ್ದ ಅರಣ್ಯದ ಮೂಲಕ ಮಾರ್ಗದರ್ಶಕರೊಡನೆ ಚಾರಣ ಕೈಗೊಳ್ಳಲಾಗುತ್ತದೆ. ಹಿಮಾಲಯದ ಬಹುತೇಕ ಎತ್ತರದ ಮಾರ್ಗಗಳು ಚಳಿಗಾಲದಲ್ಲಿ ಮುಚ್ಚಿಹೋಗುವಾಗ ಈ ಮಾರ್ಗವು ತೆರೆದಿರುವ ಕಾರಣ, ಮೊದಲ ಬಾರಿಗೆ ಹಿಮವನ್ನು ಕಾಣಬಯಸುವ ಸಾರ್ವಜನಿಕರು ಬಹುವಾಗಿ ಇದನ್ನೇ ಆರಿಸಿಕೊಳ್ಳುತ್ತಾರೆ. ಕರ್ನಾಟಕದಿಂದ ತೆರಳುವವರೂ ಇದರಲ್ಲಿ ಸೇರಿದ್ದಾರೆ. ಅನುಮತಿಗೆ ಅರ್ಜಿ ಸಲ್ಲಿಸುವ ಮುನ್ನ ಅರ್ಜಿದಾರರು ತಿಳಿದಿರಬೇಕಾದ ಸಂಗತಿಗಳನ್ನು ಇಲ್ಲಿ ವಿವರಿಸಲಾಗಿದೆ.

"ಸುಲಭ" ಎಂಬ ಮಾತಿನ ಅರ್ಥ

ಈ ಚಾರಣವನ್ನು ಆರಂಭಿಕರಿಗೆ ಸೂಕ್ತವಾದುದೆಂದು ಹೇಳುವುದು ವಾಡಿಕೆ. ಈ ಮಾತು ದಾರಿಯ ಮಟ್ಟಿಗೆ ನಿಜ. ಹೋಗಿ ಬರುವ ದೂರ ಒಟ್ಟು ಸುಮಾರು 20 ಕಿ.ಮೀ.; ಅದನ್ನು ನಾಲ್ಕು ದಿನಗಳಲ್ಲಿ ಹಂಚಿ ನಡೆಯಲಾಗುತ್ತದೆ. ಹಗ್ಗ ಹಿಡಿದು ಬಂಡೆ ಏರುವ ಪ್ರಮೇಯ ಬರುವುದಿಲ್ಲ. ನೀರ್ಗಲ್ಲಿನ ನದಿಗಳನ್ನೂ ದಾಟಬೇಕಾಗಿಲ್ಲ. ಆದರೆ ದಾರಿ ಸುಲಭವಾದ ಮಾತ್ರಕ್ಕೆ ಚಳಿಯಾಗಲಿ ಎತ್ತರವಾಗಲಿ ಸುಲಭವಾಗುವುದಿಲ್ಲ. ಕರ್ನಾಟಕದ ಅತ್ಯುನ್ನತ ಶಿಖರವಾದ ಚಿಕ್ಕಮಗಳೂರು ಜಿಲ್ಲೆಯ ಮುಳ್ಳಯ್ಯನಗಿರಿಯ ಎತ್ತರ 1,930 ಮೀಟರ್. ಈ ಚಾರಣ ಪ್ರಾರಂಭವಾಗುವ ಸಾಂಕ್ರಿ ಗ್ರಾಮವು ಹೆಚ್ಚೂಕಡಿಮೆ ಅದೇ ಎತ್ತರದಲ್ಲಿದೆ. ನಮ್ಮ ನಾಡಿನ ಎತ್ತರ ಎಲ್ಲಿ ಮುಗಿಯುತ್ತದೆಯೋ ಅಲ್ಲಿಂದ ಅಲ್ಲಿನ ನಡಿಗೆ ಆರಂಭ. ಮುಳ್ಳಯ್ಯನಗಿರಿಯನ್ನೋ ಕುಮಾರಪರ್ವತವನ್ನೋ ಹತ್ತಿದ ಅನುಭವವು ಕಾಲಿನ ಬಲಕ್ಕೆ ಸಾಕ್ಷಿಯಾಗಬಹುದೇ ಹೊರತು, ತೆಳುವಾದ ಗಾಳಿಗೂ ಸೊನ್ನೆಗಿಂತ ಕೆಳಗಿನ ಉಷ್ಣತೆಗೂ ದೇಹ ಹೊಂದಿಕೊಳ್ಳುತ್ತದೆ ಎಂಬುದಕ್ಕೆ ಸಾಕ್ಷಿಯಾಗಲಾರದು.

ಸ್ಥಳ ಪರಿಚಯ

ಗೋವಿಂದ ವಲ್ಲಭ ಪಂತರ ಹೆಸರನ್ನು ಹೊತ್ತಿರುವ ಈ ಅರಣ್ಯವನ್ನು 1955ರಲ್ಲಿ ವನ್ಯಜೀವಿಧಾಮವೆಂದು ಘೋಷಿಸಲಾಯಿತು. 1990ರಲ್ಲಿ ಅದರ ಮೇಲ್ಭಾಗಕ್ಕೆ ರಾಷ್ಟ್ರೀಯ ಉದ್ಯಾನದ ಸ್ಥಾನ ದೊರೆಯಿತು. ಸ್ಥಳೀಯರು ಇಂದಿಗೂ ಇದನ್ನು ಗೋವಿಂದ ಪಶು ವಿಹಾರ ಎಂದೇ ಕರೆಯುತ್ತಾರೆ. ರೂಪಿನ್ ಮತ್ತು ಸುಪಿನ್ ನದಿಗಳು ನೈತ್ವಾರ್ ಎಂಬಲ್ಲಿ ಕೂಡಿ ಟೋನ್ಸ್ ನದಿಯಾಗಿ ಹರಿದು ಮುಂದೆ ಯಮುನೆಯನ್ನು ಸೇರುತ್ತವೆ. ಹಿಮಚಿರತೆ ಹಾಗೂ ಕಸ್ತೂರಿಮೃಗ ಈ ಉದ್ಯಾನದ ಪ್ರಾಣಿಗಳಾದರೂ ಚಾರಣದ ದಾರಿಯಲ್ಲಿ ಅವು ಕಾಣಸಿಗುವುದು ಅಪರೂಪ. ಉತ್ತರಾಖಂಡದ ರಾಜ್ಯಪಕ್ಷಿಯಾದ ಮೊನಾಲ್ ಅದೃಷ್ಟವಿದ್ದವರಿಗೆ ಕಂಡೀತು.

ಡೆಹರಾಡೂನಿನಿಂದ ಮಸ್ಸೂರಿ, ಪುರೋಲಾ, ಮೋರಿ ಮತ್ತು ನೈತ್ವಾರ್ ಮಾರ್ಗವಾಗಿ ಸಾಂಕ್ರಿಗೆ ಸುಮಾರು 200 ಕಿ.ಮೀ. ದೂರವಿದೆ. ಘಟ್ಟದ ರಸ್ತೆಯಾದುದರಿಂದ ಇಡೀ ಹಗಲು ಪ್ರಯಾಣದಲ್ಲೇ ಕಳೆಯುತ್ತದೆ. ಹಿಮ ಬಿದ್ದ ದಿನಗಳಲ್ಲಿ ರಸ್ತೆ ಬಂದ್ ಆಗುವ ಸಾಧ್ಯತೆಯಿರುವ ಕಾರಣ, ಹಿಂದಿರುಗುವ ರೈಲು ಅಥವಾ ವಿಮಾನದ ಟಿಕೆಟನ್ನು ಚಾರಣ ಮುಗಿದ ಮರುದಿನಕ್ಕೇ ಕಾಯ್ದಿರಿಸುವುದು ಸೂಕ್ತವಲ್ಲ.

ನಾಲ್ಕು ದಿನಗಳ ನಡಿಗೆ

ಮೊದಲ ದಿನ ಸಾಂಕ್ರಿಯಿಂದ ಹೊರಟು ದೇವದಾರು, ಪೈನ್ ಹಾಗೂ ಓಕ್ ಮರಗಳ ನಡುವೆ ಏರುತ್ತಾ ಜೂಡಾ ಕಾ ತಾಲಾಬ್ ಎಂಬ ಸಣ್ಣ ಕೆರೆಯ ಬಳಿ ತಂಗಲಾಗುತ್ತದೆ. ಇದರ ಎತ್ತರ ಸುಮಾರು 2,770 ಮೀಟರ್. ಕಡು ಚಳಿಯಲ್ಲಿ ಕೆರೆಯ ಮೇಲ್ಮೈ ಹೆಪ್ಪುಗಟ್ಟಿ ಗಾಜಿನಂತಾಗುತ್ತದೆ. ಛಾಯಾಚಿತ್ರಕ್ಕಾಗಿ ಅದರ ಮೇಲೆ ಕಾಲಿಡುವುದು ಅಪಾಯಕರ. ಅಂಚಿನಲ್ಲಿ ಗಟ್ಟಿಯಾಗಿ ತೋರುವ ಮಂಜುಗಡ್ಡೆ ನಡುವೆ ತೆಳುವಾಗಿರಬಹುದು. ಎರಡನೆಯ ದಿನ ಅರಣ್ಯ ದಟ್ಟವಾಗಿ, ಬಳಿಕ ನಿಧಾನವಾಗಿ ವಿರಳವಾಗಿ, ಸುಮಾರು 3,430 ಮೀಟರ್ ಎತ್ತರದ ತಳಶಿಬಿರದಲ್ಲಿ ಮರಗಳ ಸಾಲು ಮುಗಿಯುತ್ತಾ ಬರುತ್ತದೆ. ಮೂರನೆಯ ದಿನ ಶಿಖರವನ್ನೇರಿ ಕೆಳಗಿನ ಶಿಬಿರಕ್ಕೆ ಇಳಿದು, ನಾಲ್ಕನೆಯ ದಿನ ಸಾಂಕ್ರಿಗೆ ಮರಳುವುದು ರೂಢಿಯಲ್ಲಿರುವ ಕ್ರಮ.

ಮೂರನೆಯ ದಿನವೇ ಈ ಚಾರಣದ ಕಷ್ಟದ ದಿನ. ಬೆಳಗಿನ ಜಾವ 3 ಅಥವಾ 4 ಗಂಟೆಗೆ, ಟಾರ್ಚ್ ಬೆಳಕಿನಲ್ಲಿ ಹೊರಡಬೇಕಾಗುತ್ತದೆ. ಸೂರ್ಯೋದಯ ನೋಡುವುದಕ್ಕಾಗಿ ಮಾತ್ರ ಹೀಗೆ ಹೊರಡುವುದೆಂದು ಅನೇಕರು ಭಾವಿಸುತ್ತಾರೆ. ನಿಜವಾದ ಕಾರಣ ಹಿಮದ ಸ್ವಭಾವದಲ್ಲಿದೆ. ರಾತ್ರಿಯ ಚಳಿಗೆ ಗಟ್ಟಿಯಾದ ಹಿಮವು ಹೆಜ್ಜೆಯ ಭಾರವನ್ನು ಹೊರುತ್ತದೆ. ಬಿಸಿಲೇರಿದ ಮೇಲೆ ಅದು ಮೆತ್ತಗಾಗಿ ಕಾಲು ಮೊಣಕಾಲಿನವರೆಗೂ ಹೂತುಹೋಗುತ್ತದೆ, ಇಳಿಯುವಾಗ ಜಾರುತ್ತದೆ. ಮಧ್ಯಾಹ್ನದ ಹೊತ್ತಿಗೆ ಗಾಳಿ ಮತ್ತು ಮೋಡ ಕವಿಯುವ ಸಂಭವವೂ ಹೆಚ್ಚು. ಆದುದರಿಂದ ಅನುಭವಿ ಮಾರ್ಗದರ್ಶಕರು ಶಿಖರ ತಲುಪಿರಲಿ, ತಲುಪದಿರಲಿ, ಹಿಂದಿರುಗಲೇಬೇಕಾದ ಒಂದು ಸಮಯವನ್ನು ಹಿಂದಿನ ರಾತ್ರಿಯೇ ನಿಗದಿಪಡಿಸಿರುತ್ತಾರೆ. ಆಗಸ ತಿಳಿಯಾಗಿದ್ದರೆ ಶಿಖರದಿಂದ ಸ್ವರ್ಗಾರೋಹಿಣಿ, ಕಾಲಾನಾಗ್ ಮತ್ತು ಬಂದರ್‌ಪೂಂಛ್ ಪರ್ವತಗಳು ಕಾಣುತ್ತವೆ. ಶಿವನು ಈ ಸ್ಥಳದಲ್ಲಿ ತಪಸ್ಸಿಗೆ ಕುಳಿತಿದ್ದು, ಶಾಂತಿಗೆ ಭಂಗ ಬಂದಾಗ ಕೇದಾರನಾಥಕ್ಕೆ ತೆರಳಿದನೆಂಬ ಪ್ರತೀತಿ ಸ್ಥಳೀಯರಲ್ಲಿದೆ. ಶಿಖರದಲ್ಲಿ ಕಲ್ಲುಗಳ ನಡುವೆ ನೆಟ್ಟಿರುವ ತ್ರಿಶೂಲವನ್ನು ಅವರು ಪೂಜ್ಯವೆಂದು ಭಾವಿಸುವುದರಿಂದ ಸಂದರ್ಶಕರು ಅದಕ್ಕೆ ತಕ್ಕಂತೆ ವರ್ತಿಸುವುದು ಉಚಿತ.

ಎತ್ತರ ಮತ್ತು ದೇಹ

3,800 ಮೀಟರ್ ಎತ್ತರದಲ್ಲಿ ವಾಯುವಿನ ಒತ್ತಡವು ಸಮುದ್ರಮಟ್ಟದಲ್ಲಿರುವುದರ ಮೂರರಲ್ಲಿ ಎರಡು ಪಾಲಿಗಿಂತಲೂ ಕಡಿಮೆ. ಪ್ರತಿ ಉಸಿರಿನಲ್ಲಿ ದೊರೆಯುವ ಆಮ್ಲಜನಕವೂ ಅಷ್ಟೇ ಕಡಿಮೆ. ಸಾಮಾನ್ಯವಾಗಿ 2,500 ಮೀಟರ್ ದಾಟಿದ ಬಳಿಕ ಕೆಲವರಿಗೆ ತಲೆನೋವು, ವಾಕರಿಕೆ, ತಲೆಸುತ್ತು, ಹಸಿವಿಲ್ಲದಿರುವುದು, ನಿದ್ರೆ ಬಾರದಿರುವುದು ಮುಂತಾದ ಲಕ್ಷಣಗಳು ಕಾಣಿಸಿಕೊಳ್ಳುತ್ತವೆ. ಇದನ್ನು ಎತ್ತರದ ಕಾಯಿಲೆ ಎನ್ನಲಾಗುತ್ತದೆ. ವಯಸ್ಸು ಚಿಕ್ಕದೆಂಬ ಕಾರಣಕ್ಕಾಗಲಿ, ವ್ಯಾಯಾಮದ ಅಭ್ಯಾಸವಿದೆ ಎಂಬ ಕಾರಣಕ್ಕಾಗಲಿ ಇದು ಯಾರನ್ನೂ ಬಿಡುವುದಿಲ್ಲ. ಮೂರು ಸಾವಿರ ಮೀಟರ್ ದಾಟಿದ ನಂತರ ರಾತ್ರಿ ತಂಗುವ ಎತ್ತರವನ್ನು ದಿನಕ್ಕೆ 500 ಮೀಟರಿಗಿಂತ ಹೆಚ್ಚು ಏರಿಸಬಾರದೆಂಬುದು ವೈದ್ಯರ ಸಾಮಾನ್ಯ ಸಲಹೆ. ಕೇದಾರಕಂಠದ ರೂಢಿಯ ಕ್ರಮದಲ್ಲಿ ಎರಡನೆಯ ದಿನದ ಏರಿಕೆ 650 ಮೀಟರಿಗೂ ಮಿಕ್ಕಿದೆ. ಅದು 2,770 ಮೀಟರಿನಿಂದ ಆರಂಭವಾಗುವುದರಿಂದ ಬಹುಪಾಲು ಜನರಿಗೆ ತೊಂದರೆಯಾಗದಿದ್ದರೂ, ತಳಶಿಬಿರದ ರಾತ್ರಿಯನ್ನು ಹಗುರವಾಗಿ ಎಣಿಸುವಂತಿಲ್ಲ.

ತಲೆನೋವು ಬಂದ ಚಾರಣಿಗರು ಅದನ್ನು ಮರೆಮಾಚದೆ ಕೂಡಲೇ ಮಾರ್ಗದರ್ಶಕರಿಗೆ ತಿಳಿಸಬೇಕು. ಕುಳಿತಲ್ಲೇ ಏದುಸಿರು, ಎಡೆಬಿಡದ ಕೆಮ್ಮು, ತೂರಾಡುವ ನಡಿಗೆ, ತೊದಲು ಮಾತು ಕಂಡುಬಂದಲ್ಲಿ ಶ್ವಾಸಕೋಶ ಅಥವಾ ಮೆದುಳಿಗೆ ಅಪಾಯ ತಟ್ಟಿದೆಯೆಂದು ತಿಳಿಯಬೇಕು. ಇದಕ್ಕೆ ಮುಖ್ಯ ಚಿಕಿತ್ಸೆ ಕೆಳಗೆ ಇಳಿಯುವುದೇ. ಬೆಳಗಾಗಲೆಂದು ಕಾಯಬಾರದು. ರಕ್ತದೊತ್ತಡ, ಹೃದ್ರೋಗ, ಅಸ್ತಮಾ ಇರುವವರು ವೈದ್ಯರ ಸಲಹೆಯಿಲ್ಲದೆ ಅರ್ಜಿ ಸಲ್ಲಿಸಬಾರದು.

ಚಳಿ, ಉಡುಪು ಮತ್ತು ಆಹಾರ

ಪ್ರತಿ ಸಾವಿರ ಮೀಟರ್ ಏರಿದಂತೆ ಗಾಳಿಯ ಉಷ್ಣತೆ ಸರಾಸರಿ 6.5 ಡಿಗ್ರಿ ಸೆಲ್ಸಿಯಸ್‌ನಷ್ಟು ಇಳಿಯುತ್ತದೆ. ಈ ಲೆಕ್ಕದಂತೆ ಸಾಂಕ್ರಿಗಿಂತ ತಳಶಿಬಿರವು ಸುಮಾರು 10 ಡಿಗ್ರಿಯಷ್ಟು ಹೆಚ್ಚು ತಣ್ಣಗಿರುತ್ತದೆ. ಗಾಳಿ ಬೀಸಿದರೆ ಚಳಿ ಇನ್ನೂ ಹೆಚ್ಚಾದಂತೆ ಭಾಸವಾಗುತ್ತದೆ. ದಪ್ಪನೆಯ ಒಂದೇ ಕೋಟಿಗಿಂತ ಪದರ ಪದರವಾಗಿ ಧರಿಸಿದ ಉಡುಪು ಮೇಲು. ಒಳಗೆ ಬೆವರನ್ನು ಹೊರಹಾಕುವ ಬಟ್ಟೆ, ನಡುವೆ ಉಣ್ಣೆಯ ಸ್ವೆಟರ್, ಹೊರಗೆ ಗಾಳಿ ಮತ್ತು ನೀರನ್ನು ತಡೆಯುವ ಜಾಕೆಟ್ ಇರಬೇಕು. ನಮ್ಮ ಹವೆಗೆ ಹಿತವಾದ ಹತ್ತಿಯ ಬನಿಯನ್ನು, ಜೀನ್ಸ್ ಪ್ಯಾಂಟು ಅಲ್ಲಿ ಶತ್ರುಗಳು. ಒಮ್ಮೆ ಒದ್ದೆಯಾದರೆ ಒಣಗದೆ ಮೈಯ ಶಾಖವನ್ನೆಲ್ಲ ಹೀರುತ್ತವೆ. ಎರಡು ಜೊತೆ ಕೈಗವಸು, ಒಣಗಿದ ಕಾಲುಚೀಲಗಳು, ಕಿವಿ ಮುಚ್ಚುವ ಟೋಪಿ ಅಗತ್ಯ. ಬೂಟಿನೊಳಗೆ ಹಿಮ ನುಗ್ಗದಂತೆ ಕಟ್ಟುವ ಗೇಟರ್ ಮತ್ತು ಜಾರದಂತೆ ಬೂಟಿಗೆ ಸಿಕ್ಕಿಸುವ ಮುಳ್ಳಿನ ಸರಪಳಿಯನ್ನು ಆಯೋಜಕರು ಒದಗಿಸುವರೇ ಎಂಬುದನ್ನು ಮೊದಲೇ ಕೇಳಿ ತಿಳಿಯಬೇಕು.

ಹೊಸ ಹಿಮವು ಸೂರ್ಯನ ಅತಿನೇರಳೆ ಕಿರಣಗಳ ಬಹುಭಾಗವನ್ನು ಪ್ರತಿಫಲಿಸುವುದರಿಂದ ಕಪ್ಪು ಕನ್ನಡಕವಿಲ್ಲದೆ ನಡೆದವರಿಗೆ ಸಂಜೆಯ ವೇಳೆಗೆ ಕಣ್ಣುರಿ, ತಾತ್ಕಾಲಿಕ ದೃಷ್ಟಿಮಾಂದ್ಯ ಉಂಟಾಗಬಹುದು. ಚಳಿಯಲ್ಲಿ ಬಾಯಾರಿಕೆ ತೋರದಿದ್ದರೂ ದಿನಕ್ಕೆ ಮೂರರಿಂದ ನಾಲ್ಕು ಲೀಟರ್ ನೀರು ಕುಡಿಯಬೇಕು. ಮದ್ಯಪಾನವು ಮೈ ಬೆಚ್ಚಗಾದಂತೆ ಭ್ರಮೆ ಹುಟ್ಟಿಸಿ ದೇಹದ ಶಾಖವನ್ನು ಹೊರಚೆಲ್ಲುತ್ತದೆ. ಮುಚ್ಚಿದ ಡೇರೆಯೊಳಗೆ ಇದ್ದಿಲ ಒಲೆಯನ್ನಾಗಲಿ ಗ್ಯಾಸ್ ಸ್ಟೌವನ್ನಾಗಲಿ ಉರಿಸಬಾರದು. ಅದರಿಂದ ಹೊರಡುವ ಕಾರ್ಬನ್ ಮೋನಾಕ್ಸೈಡ್ ಅನಿಲಕ್ಕೆ ವಾಸನೆಯಿಲ್ಲ, ಮಲಗಿದವರಿಗೆ ಎಚ್ಚರವಾಗುವುದಿಲ್ಲ.

ಅನುಮತಿ ಮತ್ತು ದಾಖಲೆಗಳು

ವನ್ಯಜೀವಿ (ಸಂರಕ್ಷಣೆ) ಅಧಿನಿಯಮ, 1972ರ ಪ್ರಕಾರ ವನ್ಯಜೀವಿಧಾಮ ಹಾಗೂ ರಾಷ್ಟ್ರೀಯ ಉದ್ಯಾನವನ್ನು ಅನುಮತಿಯಿಲ್ಲದೆ ಪ್ರವೇಶಿಸುವಂತಿಲ್ಲ. ಪ್ರವಾಸೋದ್ದೇಶಕ್ಕೆ ಅನುಮತಿ ನೀಡಲು ಅದರ 28ನೇ ಪ್ರಕರಣದಲ್ಲಿ ಅವಕಾಶವಿದೆ. ಸಾಮಾನ್ಯವಾಗಿ ಚಾರಣದ ಆಯೋಜಕರು ತಂಡದ ಪರವಾಗಿ ಅನುಮತಿ ಪಡೆಯುತ್ತಾರೆ. ಅರ್ಜಿದಾರರು ಭಾವಚಿತ್ರವಿರುವ ಗುರುತಿನ ಚೀಟಿಯ ಪ್ರತಿ ಹಾಗೂ ನೋಂದಾಯಿತ ವೈದ್ಯರಿಂದ ಪಡೆದ ದೇಹದಾರ್ಢ್ಯ ಪ್ರಮಾಣಪತ್ರವನ್ನು ಸಿದ್ಧವಾಗಿಟ್ಟುಕೊಳ್ಳತಕ್ಕದ್ದು. ಪ್ರವೇಶ ಶುಲ್ಕ ಹಾಗೂ ನಿಯಮಗಳು ಕಾಲಕಾಲಕ್ಕೆ ಬದಲಾಗುವುದರಿಂದ ಹೊರಡುವ ಮುನ್ನ ಉದ್ಯಾನದ ಕಚೇರಿಯಲ್ಲಿ ವಿಚಾರಿಸುವುದು ಒಳಿತು.

ದೇಹದಾರ್ಢ್ಯ ಪ್ರಮಾಣಪತ್ರವನ್ನು ಕೇವಲ ಕಾಗದವೆಂದು ತಿಳಿದು, ಪರೀಕ್ಷೆ ಮಾಡಿಸಿಕೊಳ್ಳದೆಯೇ ಸಹಿ ಪಡೆಯುವ ರೂಢಿ ಅಲ್ಲಲ್ಲಿ ಇದೆ. ಬೆಟ್ಟದ ಮೇಲೆ ಅಸ್ವಸ್ಥರಾದವರಿಗೆ ಯಾವ ಔಷಧ ಕೊಡಬಹುದು, ಯಾವುದನ್ನು ಕೊಡಬಾರದು ಎಂಬುದನ್ನು ಮಾರ್ಗದರ್ಶಕರು ನಿರ್ಧರಿಸುವುದು ಈ ಕಾಗದವನ್ನು ನೋಡಿಯೇ. ಮುಚ್ಚಿಟ್ಟ ಕಾಯಿಲೆಯ ಬೆಲೆಯನ್ನು ಒಬ್ಬರಲ್ಲ, ಅವರನ್ನು ಹೊತ್ತು ಇಳಿಸಬೇಕಾದ ಇಡೀ ತಂಡವೇ ತೆರಬೇಕಾಗುತ್ತದೆ.

ಮಾರ್ಗದರ್ಶಕರ ನಿರ್ಧಾರ

ಆಯೋಜಕರನ್ನು ಆರಿಸುವಾಗ ದರವನ್ನಷ್ಟೇ ಹೋಲಿಸದೆ, ಎಷ್ಟು ಮಂದಿಗೆ ಒಬ್ಬ ಮಾರ್ಗದರ್ಶಕರಿರುತ್ತಾರೆ, ಅವರು ಪ್ರಥಮ ಚಿಕಿತ್ಸೆಯ ತರಬೇತಿ ಪಡೆದಿದ್ದಾರೆಯೇ, ಆಮ್ಲಜನಕದ ಸಿಲಿಂಡರ್ ಹಾಗೂ ಸ್ಟ್ರೆಚರ್ ಜೊತೆಗಿರುತ್ತದೆಯೇ, ಹವಾಮಾನ ಕೆಟ್ಟಲ್ಲಿ ಹೆಚ್ಚುವರಿ ದಿನವಿದೆಯೇ ಎಂದು ಕೇಳಬೇಕು. ಶಿಖರ ತಲುಪಿಸಿಯೇ ತೀರುತ್ತೇವೆಂದು ಭರವಸೆ ನೀಡುವವರಿಂದ ದೂರವಿರುವುದು ಲೇಸು. ಹಿಮದಲ್ಲಿ ಅಂಥ ಭರವಸೆಯನ್ನು ಯಾರೂ ನೀಡಲಾಗದು.

ಇದಕ್ಕೆ ಸಂಬಂಧಿಸಿ ಕರ್ನಾಟಕದ ಜನತೆಗೆ ನೆನಪಿರುವ ಘಟನೆಯೊಂದಿದೆ. 2024ರ ಜೂನ್ ತಿಂಗಳಲ್ಲಿ ಇದೇ ಉತ್ತರಕಾಶಿ ಜಿಲ್ಲೆಯ ಕಡೆಯಿಂದ ಸಹಸ್ರತಾಲ್ ಚಾರಣಕ್ಕೆ ತೆರಳಿದ್ದ, ಬಹುಪಾಲು ಕರ್ನಾಟಕದವರೇ ಇದ್ದ 22 ಮಂದಿಯ ತಂಡವು ಹಿಂದಿರುಗುವಾಗ ಹಿಮಗಾಳಿಗೆ ಸಿಲುಕಿತು. ಒಂಬತ್ತು ಮಂದಿ ಮೃತಪಟ್ಟರು; 13 ಮಂದಿಯನ್ನು ರಕ್ಷಿಸಲಾಯಿತು. ಆ ಮಾರ್ಗವು ಕೇದಾರಕಂಠಕ್ಕಿಂತ ಎತ್ತರವಾದುದು, ಕಠಿಣವಾದುದು, ಎರಡನ್ನೂ ಸಮೀಕರಿಸಲಾಗದು. ಆದರೆ ಅದು ಬೇಸಿಗೆಯ ತಿಂಗಳು, ತಂಡದೊಡನೆ ಸ್ಥಳೀಯ ಮಾರ್ಗದರ್ಶಕರೂ ಇದ್ದರು ಎಂಬುದನ್ನು ಅರ್ಜಿದಾರರು ಗಮನಿಸಬೇಕು. ಹಿಮಾಲಯದಲ್ಲಿ ಹವಾಮಾನ ಕೆಲವೇ ಗಂಟೆಗಳಲ್ಲಿ ಬದಲಾಗುತ್ತದೆ. ಮಾರ್ಗದರ್ಶಕರು ಹಿಂದಿರುಗೋಣ ಎಂದಾಗ, ಕೊಟ್ಟ ಹಣವನ್ನೋ ಪಡೆದ ರಜೆಯನ್ನೋ ಮುಂದೊಡ್ಡಿ ಅವರ ಮೇಲೆ ಒತ್ತಡ ಹೇರಬಾರದು. ಒಬ್ಬರೇ ಮುಂದೆ ಸಾಗುವುದೂ, ತಂಡವನ್ನು ಬಿಟ್ಟು ಬೇರೆ ದಾರಿಯಲ್ಲಿ ಇಳಿಯುವುದೂ ಕೂಡದು.

ಅರಣ್ಯದಲ್ಲಿ ನಡವಳಿಕೆ

ವನ್ಯಜೀವಿಧಾಮದಲ್ಲಿ ಬೆಂಕಿ ಹಚ್ಚುವುದು ಕಾನೂನಿನಂತೆ ನಿಷಿದ್ಧ. ಶಿಬಿರಾಗ್ನಿಯ ಆಮಿಷವನ್ನು ಜಾಹೀರಾತಿನಲ್ಲಿ ಕಂಡವರು ಅದನ್ನು ಒತ್ತಾಯಿಸಬಾರದು. ಪ್ಲಾಸ್ಟಿಕ್ ಬಾಟಲಿ, ಬಿಸ್ಕತ್ತಿನ ಹೊದಿಕೆ, ಒದ್ದೆ ಟಿಶ್ಯೂಗಳನ್ನು ಹಿಮದಲ್ಲಿ ಹೂತರೆ ಅವು ಕಣ್ಮರೆಯಾದಂತೆ ತೋರಿದರೂ ವಸಂತದಲ್ಲಿ ಹಿಮ ಕರಗಿದಾಗ ಎಲ್ಲವೂ ಮೇಲೆ ಬರುತ್ತವೆ; ಸಾಂಕ್ರಿಯ ಕೆಳಗಿನ ಹಳ್ಳಿಗಳು ಕುಡಿಯುವುದು ಆ ನೀರನ್ನೇ. ತಂದ ಕಸವನ್ನು ಚೀಲದಲ್ಲಿ ಕಟ್ಟಿ ಹಿಂದಕ್ಕೆ ಒಯ್ಯತಕ್ಕದ್ದು.

ತುರ್ತು ಸಂದರ್ಭಗಳಲ್ಲಿ

ಸಾಂಕ್ರಿ ದಾಟಿದ ಬಳಿಕ ಮೊಬೈಲ್ ಸಂಪರ್ಕವನ್ನು ನೆಚ್ಚುವಂತಿಲ್ಲ. ಚಳಿಗೆ ಬ್ಯಾಟರಿಯೂ ಬೇಗ ಬರಿದಾಗುತ್ತದೆ. ಆದುದರಿಂದ ಹೊರಡುವ ಮೊದಲೇ ಆಯೋಜಕರ ಹೆಸರು ಮತ್ತು ದೂರವಾಣಿ, ಪ್ರತಿದಿನ ತಂಗುವ ಶಿಬಿರ, ಸಾಂಕ್ರಿಗೆ ಮರಳುವ ದಿನಾಂಕವನ್ನು ಬರೆದು ಮನೆಯವರಿಗೆ ಕೊಟ್ಟು ಬರಬೇಕು. ಸಂಪರ್ಕ ಸಿಗುವ ಕಡೆ 112 ಸಂಖ್ಯೆಗೆ ಕರೆ ಮಾಡಬಹುದು. ಪರ್ವತ ಪ್ರದೇಶದ ರಕ್ಷಣಾ ಕಾರ್ಯವನ್ನು ಉತ್ತರಾಖಂಡದ ರಾಜ್ಯ ವಿಪತ್ತು ಸ್ಪಂದನಾ ಪಡೆಯು ಜಿಲ್ಲಾಡಳಿತದೊಡನೆ ನಿರ್ವಹಿಸುತ್ತದೆ. ನಿಗದಿತ ದಿನದಂದು ಕರೆ ಬಾರದಿದ್ದಲ್ಲಿ ಮನೆಯವರು ಮೊದಲು ಆಯೋಜಕರನ್ನೂ, ಅಲ್ಲಿಂದ ಉತ್ತರ ಸಿಗದಿದ್ದರೆ ಉತ್ತರಕಾಶಿ ಜಿಲ್ಲಾಡಳಿತವನ್ನೂ ಸಂಪರ್ಕಿಸಿ, ಬರೆದಿಟ್ಟ ವಿವರಗಳನ್ನು ಓದಿ ಹೇಳಬೇಕು.