ರಾಮ್ ರೆಡ್ಡಿ (ಚಲನಚಿತ್ರ ನಿರ್ದೇಶಕ)

ರಾಮ್ ರೆಡ್ಡಿ ಅವರು ಕರ್ನಾಟಕದ ಚಲನಚಿತ್ರ ನಿರ್ದೇಶಕರು, ಚಿತ್ರಕಥೆಗಾರರು ಹಾಗೂ ಸಂಕಲನಕಾರರು. ೨೦೧೫ರಲ್ಲಿ ಮೊದಲ ಪ್ರದರ್ಶನ ಕಂಡ 'ತಿಥಿ' ಎಂಬ ಕನ್ನಡ ಚಿತ್ರದಿಂದ ಅಂತರರಾಷ್ಟ್ರೀಯ ಖ್ಯಾತಿ ಪಡೆದರು. ಈ ಚಿತ್ರವನ್ನು ನಿರ್ದೇಶಿಸಿದ್ದಲ್ಲದೆ, ಜಾನ್ ಜಿಮ್ಮರ್‌ಮನ್ ಅವರೊಂದಿಗೆ ಸೇರಿ ಸಂಕಲನವನ್ನೂ ಮಾಡಿದ್ದಾರೆ.

ಶಿಕ್ಷಣ

ದೆಹಲಿಯ ಸೇಂಟ್ ಸ್ಟೀಫನ್ಸ್ ಕಾಲೇಜಿನಲ್ಲಿ ಅರ್ಥಶಾಸ್ತ್ರವನ್ನು ಅಭ್ಯಾಸ ಮಾಡಿದರು. ಅನಂತರ ಜೆಕ್ ಗಣರಾಜ್ಯದ ರಾಜಧಾನಿ ಪ್ರಾಗ್ ನಗರದ ಪ್ರಾಗ್ ಫಿಲ್ಮ್ ಸ್ಕೂಲಿನಲ್ಲಿ ಚಲನಚಿತ್ರ ನಿರ್ಮಾಣವನ್ನು ಕಲಿತರು. 'ಇಟ್ಸ್ ರೈನಿಂಗ್ ಇನ್ ಮಾಯಾ' ಇವರ ಇಂಗ್ಲಿಷ್ ಕಾದಂಬರಿ.

ತಿಥಿ

ಮಂಡ್ಯ ಜಿಲ್ಲೆಯ ನೊದೆಕೊಪ್ಪಲು ಗ್ರಾಮದಲ್ಲಿ ಚಿತ್ರೀಕರಣಗೊಂಡ ಈ ಚಿತ್ರದ ಕಥೆಯನ್ನು ಅದೇ ಊರಿನ ಈರೇಗೌಡರು ರಾಮ್ ರೆಡ್ಡಿಯವರೊಂದಿಗೆ ಬರೆದರು. ಅಭಿನಯಿಸಿದವರು ವೃತ್ತಿನಿರತ ನಟರಲ್ಲ, ಹಳ್ಳಿಯ ಜನರೇ. ಛಾಯಾಗ್ರಹಣ ಡೊರಾನ್ ಟೆಂಪರ್ಟ್ ಅವರದು.

ನೂರೊಂದು ವರ್ಷದ ಸೆಂಚುರಿ ಗೌಡ ತೀರಿಕೊಂಡ ದಿನದಿಂದ ಹನ್ನೊಂದನೆಯ ದಿನದ ತಿಥಿಯವರೆಗಿನ ಅವಧಿ ಚಿತ್ರದ ವಸ್ತು. ಮಗ ಗಡ್ಡಪ್ಪನಿಗೆ ಆಸ್ತಿಯ ಹಂಗಿಲ್ಲ; ಅಲೆದಾಟವೇ ಅವನ ಬದುಕು. ಮೊಮ್ಮಗ ತಮ್ಮಣ್ಣನಿಗೆ ಐದು ಎಕರೆ ಜಮೀನನ್ನು ಮಾರುವ ಆತುರ. ಅದಕ್ಕಾಗಿ ಬದುಕಿರುವ ತಂದೆಯನ್ನೇ ಕಾಗದದ ಮೇಲೆ ಸತ್ತವನನ್ನಾಗಿಸುತ್ತಾನೆ. ಮರಿಮಗ ಅಭಿ ಕುರಿಗಾಹಿ ಹುಡುಗಿ ಕಾವೇರಿಯ ಬೆನ್ನು ಹತ್ತುತ್ತಾನೆ.

ಸಂಕಲನದ ಪಾತ್ರ

ಮೂರು ತಲೆಮಾರಿನ ಮೂರು ಕಥಾಎಳೆಗಳು ಏಕಕಾಲದಲ್ಲಿ ಸಾಗುವುದರಿಂದ, ಯಾವುದನ್ನು ಎಲ್ಲಿ ನಿಲ್ಲಿಸಿ ಯಾವುದಕ್ಕೆ ಹೊರಳಬೇಕೆಂಬ ನಿರ್ಧಾರ ಸಂಕಲನದ್ದಾಗುತ್ತದೆ. ತಮ್ಮಣ್ಣನ ಧಾವಂತದ ಪಕ್ಕದಲ್ಲಿ ಗಡ್ಡಪ್ಪನ ನಿಧಾನ ನಡಿಗೆ ಬಂದಾಗ, ಜಮೀನು ಯಾರಿಗೆ ಬೇಕು, ಯಾರಿಗೆ ಬೇಡ ಎಂಬುದು ಮಾತಿಲ್ಲದೆ ತಿಳಿಯುತ್ತದೆ. ಕುರಿಗಾಹಿಗಳ ನಡುವೆ ಕುಳಿತು ಗಡ್ಡಪ್ಪ ತನ್ನ ಹಿಂದಿನ ನೋವನ್ನು ಹೇಳಿಕೊಳ್ಳುವ ದೃಶ್ಯ, ಅವನ ನಿರ್ಲಿಪ್ತತೆಯ ಕಾರಣವನ್ನು ತಡವಾಗಿ ಬಿಟ್ಟುಕೊಡುತ್ತದೆ. ಅಲ್ಲಿಯವರೆಗೆ ನಗೆ ತರಿಸುತ್ತಿದ್ದ ಪಾತ್ರದ ಬಗ್ಗೆ ಪ್ರೇಕ್ಷಕನ ನಿಲುವು ಆಗ ಬದಲಾಗುತ್ತದೆ.

ಪ್ರಶಸ್ತಿಗಳು

೨೦೧೫ರ ಲೊಕಾರ್ನೊ ಚಲನಚಿತ್ರೋತ್ಸವದ 'ಫಿಲ್ಮ್‌ಮೇಕರ್ಸ್ ಆಫ್ ದ ಪ್ರೆಸೆಂಟ್' ವಿಭಾಗದಲ್ಲಿ ಗೋಲ್ಡನ್ ಲೆಪರ್ಡ್ ಹಾಗೂ ಅದೇ ಉತ್ಸವದ ಮೊದಲ ಚಿತ್ರದ ಪ್ರಶಸ್ತಿ 'ತಿಥಿ'ಗೆ ದೊರೆತವು. ೬೩ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಕನ್ನಡ ಚಿತ್ರವೆಂಬ ಗೌರವ ಸಂದಿತು. ಚಿತ್ರವು ಮೇ ೨೦೧೬ರಲ್ಲಿ ಚಿತ್ರಮಂದಿರಗಳಲ್ಲಿ ಬಿಡುಗಡೆಯಾಯಿತು.

ನಂತರದ ಕೃತಿ

ಎರಡನೆಯ ಚಿತ್ರ 'ಜುಗ್ನುಮಾ' (ದ ಫೇಬಲ್) ೨೦೨೪ರ ಬರ್ಲಿನ್ ಚಲನಚಿತ್ರೋತ್ಸವದ 'ಎನ್‌ಕೌಂಟರ್ಸ್' ವಿಭಾಗದಲ್ಲಿ ಪ್ರದರ್ಶಿತವಾಯಿತು. ಮನೋಜ್ ಬಾಜಪೇಯಿ ಮುಖ್ಯ ಪಾತ್ರದಲ್ಲಿದ್ದಾರೆ. ಇದನ್ನು ೧೬ ಮಿ.ಮೀ. ಫಿಲ್ಮಿನಲ್ಲಿ ಚಿತ್ರೀಕರಿಸಲಾಗಿದೆ.