ಗೈರುಹಾಜರಿಗೆ ವಜಾ ಆದ ಅಪೀಲು ಸೋತ ಕೇಸಲ್ಲ

ಜಮೀನಿನ ಪಾಲಿನ ದಾವೆಯಲ್ಲಿ ಕೆಳ ಕೋರ್ಟಿನಲ್ಲಿ ಸೋತವರು ಅಪೀಲು ಹಾಕುತ್ತಾರೆ. ವಾಯಿದೆಯ ಮೇಲೆ ವಾಯಿದೆ ಬೀಳುತ್ತದೆ. ಒಂದು ದಿನ ಕೇಸು ಕೂಗಿದಾಗ ಅಪೀಲುದಾರರೂ ಇಲ್ಲ, ಅವರ ವಕೀಲರೂ ಇಲ್ಲ. ಮಧ್ಯಾಹ್ನ ಇನ್ನೊಮ್ಮೆ ಕೂಗಿಸಿದರೂ ಯಾರೂ ಬರಲಿಲ್ಲ. ಅಪೀಲು ವಜಾ ಆಯಿತು. ಸುದ್ದಿ ಊರು ಮುಟ್ಟುವಷ್ಟರಲ್ಲಿ ಅದು ‘ಅಪೀಲಿನಲ್ಲೂ ಸೋತರಂತೆ’ ಎಂದಾಗಿರುತ್ತದೆ. ಆ ಮಾತು ನಂಬಿ ಅಲ್ಲಿಗೇ ಕೈಬಿಡುವವರನ್ನು ಕಂಡರೆ ಸಂಕಟವಾಗುತ್ತದೆ, ಏಕೆಂದರೆ ಅವರು ಸೋತಿರುವುದಿಲ್ಲ.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 17ರ ಪ್ರಕಾರ, ಅಪೀಲುದಾರರು ಹಾಜರಿಲ್ಲದಿದ್ದರೆ ಕೋರ್ಟು ಅಪೀಲನ್ನು ವಜಾ ಮಾಡಬಹುದು. ಮಾಡಲೇಬೇಕೆಂದಿಲ್ಲ, ಮುಂದಕ್ಕೂ ಹಾಕಬಹುದು. ಆದರೆ ಅವರ ಬೆನ್ನ ಹಿಂದೆ ದಾಖಲೆ ಓದಿ ‘ಅಪೀಲಿನಲ್ಲಿ ಹುರುಳಿಲ್ಲ’ ಎಂದು ತೀರ್ಪು ಕೊಡುವ ಅಧಿಕಾರ ಕೋರ್ಟಿಗಿಲ್ಲ. ಈ ಬಗ್ಗೆ ಹೈಕೋರ್ಟುಗಳಲ್ಲೇ ಭಿನ್ನಾಭಿಪ್ರಾಯವಿತ್ತು. 1976ರ ತಿದ್ದುಪಡಿ ಒಂದು ವಿವರಣೆ ಸೇರಿಸಿ ಅದನ್ನು ಬಗೆಹರಿಸಿತು. ಜಮೀನು ಯಾರದ್ದು, ಪಾಲು ಎಷ್ಟು ಎಂಬ ಪ್ರಶ್ನೆಯನ್ನು ಅಪೀಲು ಕೋರ್ಟು ಇನ್ನೂ ಮುಟ್ಟಿಯೇ ಇಲ್ಲ ಎಂದಾಯಿತು.

ಹಾಗಾಗಿಯೇ ನೇರವಾಗಿ ಹೈಕೋರ್ಟಿಗೆ ಎರಡನೇ ಅಪೀಲು ಹಾಕಲು ಓಡುವುದು ತಪ್ಪು ದಾರಿ. ಗೈರುಹಾಜರಿಯ ವಜಾ ಆದೇಶ ಕಾನೂನಿನಲ್ಲಿ ಡಿಕ್ರಿಯೇ ಅಲ್ಲ. ಹೋಗಬೇಕಾದದ್ದು ವಜಾ ಮಾಡಿದ ಕೋರ್ಟಿಗೇ. ನಿಯಮ 19ರ ಕೆಳಗೆ ಅರ್ಜಿ ಹಾಕಿ, ಬರಲಾಗದ್ದಕ್ಕೆ ಸಾಕಷ್ಟು ಕಾರಣವನ್ನು ಅಫಿಡವಿಟ್ಟಿನಲ್ಲಿ ಹೇಳಿ, ಅಪೀಲನ್ನು ಮತ್ತೆ ಫೈಲಿಗೆ ತರಿಸಬೇಕು. ಆಸ್ಪತ್ರೆಯಲ್ಲಿದ್ದರೆ ಡಿಸ್ಚಾರ್ಜ್ ಚೀಟಿ ಜೊತೆಗಿರಲಿ. ಅರ್ಜಿ ತಿರಸ್ಕಾರವಾದರೆ ಆದೇಶ 43ರ ಕೆಳಗೆ ಆ ತಿರಸ್ಕಾರದ ಮೇಲೆ ಅಪೀಲು ಉಂಟು.

ಇನ್ನು ಕೆಲವರು ‘ಯಾವಾಗ ಬೇಕಾದರೂ ಮತ್ತೆ ತೆರೆಸಬಹುದು’ ಎಂದು ನಿಶ್ಚಿಂತರಾಗಿರುತ್ತಾರೆ. ಇದು ಇನ್ನೂ ಅಪಾಯದ ನಂಬಿಕೆ. 1963ರ ಕಾಲಮಿತಿ ಕಾಯ್ದೆಯ 122ನೇ ಅನುಚ್ಛೇದ ಕೊಡುವುದು 30 ದಿನ. ಆ ಲೆಕ್ಕ ಶುರುವಾಗುವುದು ವಜಾ ಆದ ದಿನದಿಂದ, ನಿಮಗೆ ಗೊತ್ತಾದ ದಿನದಿಂದಲ್ಲ. ತಡವಾದರೆ 5ನೇ ಕಲಮಿನ ಕೆಳಗೆ ವಿಳಂಬ ಮನ್ನಾ ಕೇಳಬಹುದು, ಆದರೆ ಅದು ಹಕ್ಕಲ್ಲ, ಕೋರ್ಟಿನ ವಿವೇಚನೆ. ಈ ನಡುವೆ ಅಪೀಲಿನ ಜೊತೆಗಿದ್ದ ತಡೆಯಾಜ್ಞೆಯೂ ಹೋಗಿರುತ್ತದೆ. ಕೆಳ ಕೋರ್ಟಿನ ಡಿಕ್ರಿ ಹಾಗೇ ನಿಂತಿರುವುದರಿಂದ ಎದುರು ಪಕ್ಷದವರು ಅಮಲ್ಜಾರಿಗೆ ಹೋಗಬಹುದು. ಅಮೀನರು ಮನೆ ಬಾಗಿಲಿಗೆ ಬಂದ ಮೇಲೆ ಎಚ್ಚರವಾಗುವವರೂ ಇದ್ದಾರೆ.

‘ವಕೀಲರು ತಪ್ಪಿಸಿಕೊಂಡರೆ ನಾನೇನು ಮಾಡಲಿ?’ ಈ ಪ್ರಶ್ನೆಗೆ ಸುಪ್ರೀಂ ಕೋರ್ಟು 1981ರ ರಫೀಕ್ ಪ್ರಕರಣದಲ್ಲಿ ಮಾನವೀಯವಾಗಿ ಉತ್ತರಿಸಿತು. ವಕೀಲರನ್ನು ನೇಮಿಸಿ, ಫೀಸು ಕೊಟ್ಟು, ತನ್ನ ಕೆಲಸ ಮುಗಿಸಿದ ಹಳ್ಳಿಯ ಕಕ್ಷಿದಾರನಿಗೆ ವಕೀಲರ ಗೈರುಹಾಜರಿಯಿಂದ ಅನ್ಯಾಯವಾಗಬಾರದು ಎಂದಿತು. ನನ್ನ ಮಟ್ಟಿಗೆ ಅದು ಸರಿಯಾದ ನಿಲುವು. ಹಾಗೆಂದು ಅದು ಎಲ್ಲ ಅರ್ಜಿಗೂ ರಹದಾರಿಯಲ್ಲ. ವರ್ಷಗಟ್ಟಲೆ ಒಂದು ಮಾತೂ ವಿಚಾರಿಸದೆ ಕುಳಿತವರ ನೆಪವನ್ನು ಕೋರ್ಟುಗಳು ಒಪ್ಪಿಲ್ಲ. ಪ್ರತಿ ಕೇಸಿಗೂ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆ ಇರುತ್ತದೆ. ಇ-ಕೋರ್ಟ್ಸ್ ಆ್ಯಪಿನಲ್ಲಿ ಅದನ್ನು ಹಾಕಿದರೆ ಮುಂದಿನ ವಾಯಿದೆ ಯಾವಾಗ, ಹಿಂದಿನ ದಿನ ಏನಾಯಿತು ಎಂಬುದು ಕಾಣುತ್ತದೆ. ಮನೆಯ ಓದಿದ ಮಕ್ಕಳು ಇದನ್ನು ನೋಡಿ ಹೇಳಬಹುದು.

ಎದುರುದಾರರು ಬಾರದಿದ್ದರೆ ಅಪೀಲು ತಾನಾಗಿ ಗೆದ್ದಂತೆ ಎಂಬುದೂ ಸುಳ್ಳು. ಆಗ ಏಕಪಕ್ಷೀಯ ವಿಚಾರಣೆ ನಡೆಯುತ್ತದೆ, ಅಪೀಲುದಾರರು ಕೆಳ ಕೋರ್ಟಿನ ತೀರ್ಪು ಏಕೆ ತಪ್ಪೆಂದು ತೋರಿಸಿಯೇ ಗೆಲ್ಲಬೇಕು. ಬಾರದಿದ್ದ ಎದುರುದಾರರಿಗೂ ನಿಯಮ 21ರ ಕೆಳಗೆ ಮರುವಿಚಾರಣೆ ಕೇಳುವ ಅವಕಾಶವಿದೆ. ಅವಧಿ ಅದೇ 30 ದಿನ. ನೋಟಿಸು ಸರಿಯಾಗಿ ಜಾರಿಯಾಗದಿದ್ದವರಿಗೆ ಮಾತ್ರ ಅದು ಡಿಕ್ರಿಯ ವಿಷಯ ತಿಳಿದ ದಿನದಿಂದ ಎಣಿಕೆಯಾಗುತ್ತದೆ.